ಮೀಟರ್ ಕೊಡುವ ಕಚೇರಿ ಆಸ್ತಿ ವ್ಯಾಜ್ಯ ತೀರ್ಮಾನಿಸಬೇಕಿಲ್ಲ

ಅಣ್ಣತಮ್ಮಂದಿರ ಪಾಲು ಇನ್ನೂ ಆಗಿಲ್ಲ. ಹಳೆಯ ಮನೆಯ ಹಿಂಭಾಗದಲ್ಲಿ ಸಂಸಾರ ಹೂಡಿರುವ ತಮ್ಮ ಪ್ರತ್ಯೇಕ ಮೀಟರಿಗೆ ಅರ್ಜಿ ಹಾಕುತ್ತಾನೆ. ಅಣ್ಣ ಎಸ್ಕಾಂ ಕಚೇರಿಗೆ ಹೋಗಿ ತಕರಾರು ಅರ್ಜಿ ಕೊಡುತ್ತಾನೆ. ಕಡತ ಅಲ್ಲಿಗೇ ನಿಲ್ಲುತ್ತದೆ. ‘ಕೋರ್ಟ್ ಆದೇಶ ತನ್ನಿ’ ಎಂಬುದು ಬಾಯಿಮಾತಿನ ಉತ್ತರ. ಬರಹದಲ್ಲಿ ಏನೂ ಇಲ್ಲ. ಪಾಲಿನ ದಾವೆ ಇತ್ಯರ್ಥವಾಗಲು ವರ್ಷಗಳು ಹಿಡಿಯುತ್ತವೆ. ಅಲ್ಲಿಯವರೆಗೂ ಆ ಮನೆಯವರು ಕತ್ತಲಲ್ಲಿರಬೇಕೆಂದು ಯಾವ ಕಾನೂನೂ ಹೇಳಿಲ್ಲ.

2003ರ ವಿದ್ಯುತ್ ಕಾಯ್ದೆಯ 43ನೇ ಕಲಂ ಮಾಲೀಕನ ಜತೆಗೆ ಅನುಭೋಗದಾರನನ್ನೂ ಹೆಸರಿಸುತ್ತದೆ. ಇಬ್ಬರಲ್ಲಿ ಯಾರೇ ಅರ್ಜಿ ಕೊಟ್ಟರೂ ಕಾಲಮಿತಿಯಲ್ಲಿ ಸಂಪರ್ಕ ಕೊಡಬೇಕು. ತಪ್ಪಿದರೆ ದಿನಕ್ಕೆ 1,000 ರೂಪಾಯಿವರೆಗೆ ದಂಡ ಬೀಳಬಹುದು. ಮಾಲೀಕ ನಿರಾಕ್ಷೇಪಣಾ ಪತ್ರ ಕೊಡಲಿಲ್ಲವೆಂದು ಬಾಡಿಗೆದಾರನಿಗೆ ವಿದ್ಯುತ್ ನಿರಾಕರಿಸುವಂತಿಲ್ಲ, ಅರ್ಜಿದಾರ ಅಲ್ಲಿ ವಾಸವಿದ್ದಾನೆಯೇ ಎಂಬುದನ್ನಷ್ಟೇ ನೋಡಬೇಕು ಎಂದು ಸುಪ್ರೀಂ ಕೋರ್ಟ್ 2022ರಲ್ಲಿ ಸ್ಪಷ್ಟಪಡಿಸಿದೆ. ಈ ಹಕ್ಕಿಗೂ ಮಿತಿಯಿದೆ. ನಿಯಮಾವಳಿಯಲ್ಲಿ ಅವಕಾಶವಿದ್ದರೆ ಹಳೆಯ ಮಾಲೀಕನ ಬಾಕಿಯನ್ನು ಹೊಸ ಖರೀದಿದಾರನಿಂದ ಕೇಳಬಹುದು ಎಂದು ಅದೇ ನ್ಯಾಯಾಲಯದ 2023ರ ತೀರ್ಪು ಹೇಳಿದೆ.

ತಕರಾರು ಹೂಡುವವರ ಆತಂಕವನ್ನೂ ತಳ್ಳಿಹಾಕುವಂತಿಲ್ಲ. ಇಂದು ಪಡೆದ ಕರೆಂಟ್ ಬಿಲ್ಲನ್ನೇ ನಾಳೆ ಸ್ವಾಧೀನದ ಪುರಾವೆಯೆಂದು ನ್ಯಾಯಾಲಯದ ಮುಂದಿಡುವವರಿದ್ದಾರೆ. ಇದಕ್ಕೆ ಮದ್ದು ಸಂಪರ್ಕ ತಡೆಯುವುದಲ್ಲ, ಸರಿಯಾದ ಕ್ರಮ ಅನುಸರಿಸುವುದು. ತಕರಾರಿನ ಪ್ರತಿ ಅರ್ಜಿದಾರನ ಕೈಸೇರಲಿ. ಇಬ್ಬರ ಸಮ್ಮುಖದಲ್ಲಿ ಸ್ಥಳ ಪರಿಶೀಲನೆ ನಡೆಯಲಿ. ಸಿವಿಲ್ ನ್ಯಾಯಾಲಯದ ತಡೆಯಾಜ್ಞೆಯಿದ್ದರೆ ಪಾಲಿಸಲಿ. ಇಲ್ಲದಿದ್ದರೆ ಸಂಪರ್ಕ ಕೊಟ್ಟು, ಇದರಿಂದ ಯಾರಿಗೂ ಆಸ್ತಿಯ ಹಕ್ಕು ಹುಟ್ಟುವುದಿಲ್ಲವೆಂದು ಆದೇಶದಲ್ಲೇ ಬರೆಯಲಿ.

ಇರುವ ಸಂಪರ್ಕ ಕಡಿತಗೊಳಿಸುವಾಗ ಎಚ್ಚರ ಇನ್ನೂ ಹೆಚ್ಚಿರಬೇಕು. ಬಿಲ್ ಬಾಕಿಯಿದ್ದರೂ 56ನೇ ಕಲಂ ಪ್ರಕಾರ ಪೂರ್ಣ 15 ದಿನಗಳ ಲಿಖಿತ ನೋಟಿಸ್ ಕಡ್ಡಾಯ. ಬಾಕಿ ಉಳಿಸಿಕೊಂಡವನಿಗೇ ಇಷ್ಟು ರಕ್ಷಣೆ ಇರುವಾಗ, ಬಿಲ್ ಸರಿಯಾಗಿ ಕಟ್ಟುತ್ತಿರುವ ಬಾಡಿಗೆದಾರನ ಫ್ಯೂಸನ್ನು ಮಾಲೀಕನ ಒಂದು ಪತ್ರ ನೋಡಿ ಕಿತ್ತರೆ ಅದನ್ನು ನ್ಯಾಯ ಎನ್ನಲಾಗದು. ಮನೆ ಖಾಲಿ ಮಾಡಿಸಲು ನ್ಯಾಯಾಲಯವಿದೆ; ಲೈನ್‌ಮನ್‌ನನ್ನು ಆ ಕೆಲಸಕ್ಕೆ ಬಳಸಕೂಡದು.

ನಿರಾಕರಣೆಗೆ ಲಿಖಿತ ಕಾರಣವಿದ್ದರೆ ನೊಂದವರು ಗ್ರಾಹಕರ ಕುಂದುಕೊರತೆ ವೇದಿಕೆಗೆ, ಅಲ್ಲಿಂದ ವಿದ್ಯುತ್ ಒಂಬುಡ್ಸ್‌ಮನ್ ಬಳಿಗೆ ಹೋಗಬಹುದು. ಬಾಯಿಮಾತಿನ ನಿರಾಕರಣೆ ಆ ದಾರಿಯನ್ನು ಕಠಿಣವಾಗಿಸುತ್ತದೆ. ಆದ್ದರಿಂದ ತಕರಾರು ಬಂದ ಪ್ರತಿಯೊಂದು ಅರ್ಜಿಗೂ ನಿಗದಿತ ದಿನಗಳೊಳಗೆ ಕಾರಣಸಹಿತ ಲಿಖಿತ ಆದೇಶ ಹೊರಡಿಸುವುದನ್ನು ಕರ್ನಾಟಕ ವಿದ್ಯುಚ್ಛಕ್ತಿ ನಿಯಂತ್ರಣ ಆಯೋಗ ಎಲ್ಲ ಎಸ್ಕಾಂಗಳಿಗೂ ಕಡ್ಡಾಯ ಮಾಡಬೇಕು.