ಬೆಂದ ಕಾಳು, ನಿಂತ ಕಲ್ಲು

ಹಣ ಕೊಟ್ಟು ಇತಿಹಾಸದ ಪಾಠ ಕೇಳುವ ಜನರೂ ಇದ್ದಾರೆಂದು ಯಾರಾದರೂ ಹೇಳಿದ್ದರೆ, ಕಳೆದ ಪುಷ್ಯಮಾಸದವರೆಗೆ ನಾನು ನಂಬುತ್ತಿರಲಿಲ್ಲ. ನಾನು ಕಾಲೇಜಿನಲ್ಲಿ ಕನ್ನಡ ಪಾಠ ಹೇಳುವವನು. ಹಾಜರಿ ಪುಸ್ತಕವೆಂಬುದೊಂದು ಇಲ್ಲದೆ ಹೋಗಿದ್ದರೆ ನನ್ನ ಎದುರಿಗೆ ಎಷ್ಟು ಮಂದಿ ಕುಳಿತಿರುತ್ತಿದ್ದರೆಂಬ ವಿಷಯದಲ್ಲಿ ನನಗೆ ಯಾವ ಭ್ರಮೆಯೂ ಇಲ್ಲ. ಹೀಗಿರುವಲ್ಲಿ, ಭಾನುವಾರದ ಸಕ್ಕರೆನಿದ್ದೆಯನ್ನು ತೊರೆದು, ಚಳಿಯಲ್ಲಿ ಎದ್ದು ಬಂದು, ಕೈಯಿಂದ ಕಾಸು ಕೊಟ್ಟು, ಮೂರು ಗಂಟೆಯ ಕಾಲ ಬೀದಿಯಲ್ಲಿ ನಡೆಯುತ್ತ ಊರಿನ ಪೂರ್ವಕಥೆಯನ್ನು ಕೇಳುವ ಹದಿನಾಲ್ಕು ಮಂದಿಯನ್ನು ಒಟ್ಟಿಗೆ ಕಂಡಾಗ ನನಗೆ ಆಶ್ಚರ್ಯವಾಯಿತು. ನಿಜ ಹೇಳಬೇಕೆಂದರೆ ಸ್ವಲ್ಪ ಹೊಟ್ಟೆಕಿಚ್ಚೂ ಆಯಿತು.

ಬೆಂಗಳೂರಿನ ಹಳೆಯ ಪೇಟೆಯಲ್ಲಿ ಈಚಿನ ವರ್ಷಗಳಲ್ಲಿ ಇಂಥ ನಡಿಗೆಗಳು ಬಳಕೆಗೆ ಬಂದಿವೆ. ಒಬ್ಬ ಮಾರ್ಗದರ್ಶಿ, ಹತ್ತು ಹದಿನೈದು ಮಂದಿ ಶ್ರೋತೃಗಳು, ನಾಲ್ಕಾರು ಹಳೆಯ ಕಟ್ಟಡಗಳು. ಎರಡು ಕಟ್ಟಡಗಳ ನಡುವೆ ಒಂದು ತಿಂಡಿ. ಇದರಲ್ಲಿ ಯಾವುದು ಊಟ, ಯಾವುದು ಉಪ್ಪಿನಕಾಯಿ ಎಂಬುದು ಬಂದವರ ಹಸಿವಿಗೆ ಬಿಟ್ಟ ವಿಷಯ. ನನ್ನ ಶ್ರೀಮತಿಯ ಅಕ್ಕ ಮತ್ತು ಭಾವನವರು ಪುಣೆಯಿಂದ ಬಂದಿದ್ದರು. "ನಿಮ್ಮ ಊರನ್ನು ನೋಡಬೇಕು" ಎಂದರು. ಇದೇ ಊರಿನಲ್ಲಿ ಹುಟ್ಟಿ ಬೆಳೆದ ನಾನು ಅವರಿಗೆ ಏನನ್ನು ತೋರಿಸಬೇಕೆಂದು ಯೋಚಿಸುತ್ತಿರುವಾಗಲೇ ಶ್ರೀಮತಿಯು ಐವರ ಹೆಸರನ್ನೂ ನಡಿಗೆಗೆ ಬರೆಸಿಬಿಟ್ಟಿದ್ದಳು. ನಮ್ಮ ಎಂಟು ವರ್ಷದ ಮಗಳೂ ಅದರಲ್ಲಿ ಸೇರಿದ್ದಳು.

ಬೆಳಿಗ್ಗೆ ಏಳು ಗಂಟೆಗೆ ಕೃಷ್ಣರಾಜ ಮಾರುಕಟ್ಟೆಯ ಬಳಿ, ಹಳೆಯ ಕೋಟೆಯ ದೆಹಲಿ ಬಾಗಿಲಿನ ಮುಂದೆ ಸೇರಿದೆವು. ಮಾರ್ಗದರ್ಶಿಯು ಮುಂದೆ ಬಂದು ಕೈಮುಗಿದು, "ನಮಸ್ಕಾರ ಸಾರ್, ನನ್ನ ಗುರುತು ಸಿಕ್ಕಿತೆ?" ಎಂದ. ಸಿಕ್ಕಿತು. ಏಳೆಂಟು ವರ್ಷಗಳ ಹಿಂದೆ ನನ್ನ ತರಗತಿಯ ಕೊನೆಯ ಬೆಂಚಿನಲ್ಲಿ ಕಿಟಕಿಯ ಹೊರಗೆ ನೋಡುತ್ತ ಕುಳಿತಿರುತ್ತಿದ್ದ ಹುಡುಗ. ಈಗ ವಾರವೆಲ್ಲ ಒಂದು ಕಚೇರಿಯಲ್ಲಿ ದುಡಿದು, ಭಾನುವಾರ ಜನರಿಗೆ ಊರನ್ನು ತೋರಿಸುತ್ತಾನಂತೆ.

ಚೆನ್ನಾಗಿಯೇ ತೋರಿಸಿದ. ಇಲ್ಲಿದ್ದ ಮಣ್ಣಿನ ಕೋಟೆ ಹೈದರ್ ಅಲಿಯ ಕಾಲದಲ್ಲಿ, 1761ರಲ್ಲಿ, ಕಲ್ಲಿನ ಕೋಟೆಯಾದುದನ್ನು ಹೇಳಿದ. 1791ರ ಮಾರ್ಚಿ ತಿಂಗಳಲ್ಲಿ ಕಾರ್ನ್‌ವಾಲಿಸನ ಸೈನ್ಯ ಮೊದಲು ಪೇಟೆಯನ್ನು ಹಿಡಿದು, ಎರಡು ವಾರಗಳ ತರುವಾಯ ಕೋಟೆಯ ಗೋಡೆಯನ್ನು ಒಡೆದು ಒಳನುಗ್ಗಿದುದನ್ನು ಹೇಳುವಾಗ, ಬಸ್ಸುಗಳ ಕೂಗಾಟದ ನಡುವೆಯೂ ನಮಗೆ ಫಿರಂಗಿಯ ಸದ್ದು ಕೇಳಿದಂತಾಯಿತು. ಮಾರುಕಟ್ಟೆಗೆ ಮುಮ್ಮಡಿಯವರ ಹೆಸರಲ್ಲ, ನಾಲ್ವಡಿ ಕೃಷ್ಣರಾಜ ಒಡೆಯರ ಹೆಸರಿಟ್ಟದ್ದೆಂದೂ, 1905ರಲ್ಲಿಯೇ ಶಿವನಸಮುದ್ರದ ವಿದ್ಯುತ್ತಿನಿಂದ ಈ ಊರಿನ ಬೀದಿಗಳಲ್ಲಿ ದೀಪ ಹತ್ತಿತ್ತೆಂದೂ ತಡವರಿಸದೆ ಹೇಳಿದ. ಪರೀಕ್ಷೆಯಲ್ಲಿ ಇಸವಿಗಳನ್ನು ತಪ್ಪದೆ ತಪ್ಪಾಗಿ ಬರೆಯುತ್ತಿದ್ದವನು ಇವನೇ ಏನು ಎಂದುಕೊಂಡೆ.

ಸೇವಂತಿಗೆಯ ರಾಶಿಗಳನ್ನು ದಾಟಿ ತರಕಾರಿಯ ಕಡೆಗೆ ಬಂದೆವು. ಅವರೆಕಾಯಿಯ ಕಾಲ. ಗೋಣಿಯ ಮೇಲೆ ಹರಡಿದ ಹಸುರು ರಾಶಿಯಿಂದ ಸೊಗಡು ಏಳುತ್ತಿತ್ತು. ಪಕ್ಕದ ಗಾಡಿಯಲ್ಲಿ ಅವರೆಕಾಳಿನ ಉಪ್ಪಿಟ್ಟು ಹಬೆಯಾಡುತ್ತಿತ್ತು. ಎಲ್ಲರ ಕೈಗೂ ಒಂದೊಂದು ದೊನ್ನೆ ಬಂದ ಮೇಲೆ ನಮ್ಮ ಹುಡುಗ ಒಂದು ಹಿಡಿ ಕಾಳನ್ನು ಎತ್ತಿ ಹಿಡಿದು ಕಥೆಯನ್ನು ಆರಂಭಿಸಿದ. ಹೊಯ್ಸಳರ ವೀರಬಲ್ಲಾಳ ಬೇಟೆಗೆ ಬಂದು ದಾರಿ ತಪ್ಪಿದ. ಕತ್ತಲೆಯಾಯಿತು. ಗುಡಿಸಲಿನ ಮುದುಕಿ, ಇವನು ದೊರೆಯೆಂದು ತಿಳಿಯದೆ, ಬೇಯಿಸಿದ ಕಾಳನ್ನು ಕೊಟ್ಟು ಹಸಿವನ್ನು ತಣಿಸಿದಳು. ಆ ಋಣಕ್ಕಾಗಿ ದೊರೆ ಆ ಸ್ಥಳವನ್ನು 'ಬೆಂದಕಾಳೂರು' ಎಂದು ಕರೆದ. ಅದೇ ಬೆಂಗಳೂರಾಯಿತು.

ಎಲ್ಲರೂ ತಮ್ಮ ದೊನ್ನೆಯಲ್ಲಿದ್ದ ಕಾಳನ್ನು ಹೊಸ ಗೌರವದಿಂದ ನೋಡಿದರು. ಆ ಗಳಿಗೆಯಲ್ಲಿ ನನ್ನೊಳಗಿನ ಮೇಷ್ಟರು ಎದ್ದು ಕುಳಿತರು.

"ಅದು ತಪ್ಪು" ಎಂದೆ. ಸ್ವಲ್ಪ ಗಟ್ಟಿಯಾಗಿಯೇ ಎಂದೆನೆಂದು ಶ್ರೀಮತಿ ಆಮೇಲೆ ಹೇಳಿದಳು. "ಇಮ್ಮಡಿ ವೀರಬಲ್ಲಾಳ ಪಟ್ಟಕ್ಕೆ ಬಂದದ್ದು 1173ರಲ್ಲಿ. ನಗರದ ದಕ್ಷಿಣಕ್ಕಿರುವ ಬೇಗೂರಿನಲ್ಲಿ ಗಂಗರ ಕಾಲದ ವೀರಗಲ್ಲೊಂದಿದೆ. ನಾಗತ್ತರನೆಂಬ ಅಧಿಕಾರಿಯ ಕಡೆಯವನೊಬ್ಬ ಬೆಂಗಳೂರಿನ ಕಾಳಗದಲ್ಲಿ ಮಡಿದನೆಂದು ಅದರಲ್ಲಿ ಬರೆದಿದೆ. ಅದರ ಕಾಲ ಸುಮಾರು ಕ್ರಿ.ಶ. 890. ಬಲ್ಲಾಳ ಪಟ್ಟವೇರುವುದಕ್ಕೆ 280 ವರ್ಷಗಳಷ್ಟು ಮೊದಲೇ ಈ ಹೆಸರಿತ್ತು. ಹೆಸರಿನ ಮೂಲವನ್ನು ಬೆಂಗಾವಲಿನಲ್ಲಿ ಹುಡುಕುವವರಿದ್ದಾರೆ, ಮರದ ಹೆಸರೊಂದರಲ್ಲಿ ಹುಡುಕುವವರೂ ಇದ್ದಾರೆ. ಮುದುಕಿಯ ಕಥೆ ಮಾತ್ರ ನಿಲ್ಲುವುದಿಲ್ಲ."

ಯಾರೂ ಮಾತನಾಡಲಿಲ್ಲ. ಭಾವನವರು ಉಪ್ಪಿಟ್ಟನ್ನು ಅಗಿಯುವುದನ್ನು ನಿಲ್ಲಿಸಿದರು. ಹುಡುಗ ಕೈಯಲ್ಲಿದ್ದ ಕಾಳನ್ನು ಮೆಲ್ಲಗೆ ರಾಶಿಗೆ ಹಾಕಿ, "ಸಾರ್ ಹೇಳಿದ ಮೇಲೆ ಸರಿಯೇ" ಎಂದ. ನನ್ನ ಮಗಳು ಮಾತ್ರ ನನ್ನ ತೋಳನ್ನು ಜಗ್ಗಿ, "ಅಪ್ಪಾ, ಅಜ್ಜಿಯೂ ಇದೇ ಕಥೆ ಹೇಳಿದ್ದು" ಎಂದಳು.

ಅಲ್ಲಿಂದ ಅವೆನ್ಯೂ ರಸ್ತೆಗೆ, ಎಂದರೆ ಹಿಂದಿನ ದೊಡ್ಡಪೇಟೆಗೆ, ನಡೆದೆವು. ಎಂ.ಎ. ಓದುವಾಗ ಇಲ್ಲಿನ ಹಳೆಯ ಪುಸ್ತಕದ ಅಂಗಡಿಗಳಲ್ಲಿ ನಾನು ಕಳೆದ ಸಂಜೆಗಳಿಗೆ ಲೆಕ್ಕವಿಲ್ಲ. ಅದನ್ನು ಹೇಳಬೇಕೆನ್ನಿಸಿದರೂ ಬಾಯಿ ಬರಲಿಲ್ಲ. ಚಿಕ್ಕಪೇಟೆಯ ರಸ್ತೆ ಕೂಡುವಲ್ಲಿ ಹುಡುಗ ನಿಂತ. 1537ರಲ್ಲಿ ಕೆಂಪೇಗೌಡರು ಇಲ್ಲಿ ನಾಲ್ಕು ನೇಗಿಲು ಕಟ್ಟಿಸಿ, ನಾಲ್ಕು ದಿಕ್ಕಿಗೆ ಎತ್ತುಗಳನ್ನು ಹೊಡೆಸಿ, ಅವು ನಡೆದ ಸಾಲನ್ನೇ ಬೀದಿಗಳನ್ನಾಗಿ ಮಾಡಿದರೆಂಬ ಪ್ರತೀತಿ ಇರುವ ಸ್ಥಳ ಅದು. ಅವನು ಬಾಯಿ ತೆರೆದು, ನನ್ನ ಕಡೆಗೆ ತಿರುಗಿ, "ಸಾರ್, ಎತ್ತುಗಳನ್ನು ಹೊಡೆಯಬಹುದೆ?" ಎಂದು ಕೇಳಿದ. ಎಲ್ಲರೂ ನಕ್ಕರು. ನಾನೂ ನಕ್ಕೆ. ಕಿವಿ ಮಾತ್ರ ಬಿಸಿಯಾಗಿತ್ತು.

ಆಮೇಲೆ ಅವನು ಪೇಟೆಗಳ ಹೆಸರುಗಳನ್ನು ಹೇಳುತ್ತ ಹೋದ. ಬಳೆಪೇಟೆ, ಅರಳೆಪೇಟೆ, ತರಗುಪೇಟೆ, ಕುಂಬಾರಪೇಟೆ, ಗಾಣಿಗರಪೇಟೆ. ಒಂದೊಂದು ಕಸುಬಿಗೆ, ಒಂದೊಂದು ಸರಕಿಗೆ ಒಂದೊಂದು ಬೀದಿ. ಅಕ್ಕಿಪೇಟೆಯ ಹಿಂದೆಯೇ ರಾಗಿಪೇಟೆಯ ಹೆಸರು ಬಂದಾಗ ನನ್ನ ಮಗಳು, "ಎರಡರಲ್ಲಿ ಯಾವುದು ದೊಡ್ಡದು?" ಎಂದು ಕೇಳಿದಳು. ಹುಡುಗ ಕ್ಷಣಕಾಲ ಯೋಚಿಸಿ, "ಅದನ್ನು ನಿನ್ನ ತಂದೆಯವರೇ ಹೇಳಬೇಕು ಪುಟ್ಟಿ. ಕನಕದಾಸರಲ್ಲಿ ಅದರ ತೀರ್ಪು ಇದೆ" ಎಂದ.

ಬೇರೆಯವನಾಗಿದ್ದರೆ ನನಗೆ ಮತ್ತೆ ಬಾಯಿ ತೆರೆಯಲು ಅವಕಾಶ ಕೊಡುತ್ತಿದ್ದನೆ? ನಾನು ರಾಮಧಾನ್ಯ ಚರಿತೆಯ ಕಥೆಯನ್ನು ಹೇಳಿದೆ. ಅಕ್ಕಿಗೂ ರಾಗಿಗೂ ಯಾರು ಹೆಚ್ಚೆಂದು ಜಗಳ ಬಂದು, ಶ್ರೀರಾಮನ ಮುಂದೆ ವ್ಯಾಜ್ಯ ಹೋಗಿ, ಎರಡನ್ನೂ ಆರು ತಿಂಗಳು ಸೆರೆಯಲ್ಲಿಟ್ಟುದನ್ನು ಹೇಳಿದೆ. ಹೊರಗೆ ತಂದಾಗ ಅಕ್ಕಿ ಕೆಟ್ಟು ಹೋಗಿತ್ತು, ರಾಗಿ ಗಟ್ಟಿಯಾಗಿ ನಿಂತಿತ್ತು. ಮೆಚ್ಚಿದ ರಾಘವ ಅದಕ್ಕೆ ತನ್ನ ಹೆಸರನ್ನೇ ಕೊಟ್ಟ. ಕೂಲಿಯವನೊಬ್ಬ ತಲೆಯ ಮೇಲೆ ಮೂಟೆ ಹೊತ್ತು ನಿಂತು ಕೊನೆಯವರೆಗೂ ಕೇಳಿ, "ಹೌದು ಸ್ವಾಮಿ, ರಾಗಿ ತಿಂದವನು ನಿರೋಗಿ" ಎಂದು ಹೇಳಿ ಹೋದ. ಆ ಒಂದು ಮಾತಿನಷ್ಟು ಮೆಚ್ಚಿಕೆ ನನ್ನ ತರಗತಿಯಲ್ಲಿ ನನಗೆ ದೊರೆತದ್ದಿಲ್ಲ. ಹೇಳಿ ಮುಗಿಸಿದ ಮೇಲೆ ಹೊಳೆಯಿತು: ಇದಕ್ಕೆ ಶಾಸನದ ಆಧಾರವೇನೆಂದು ಯಾರೂ ನನ್ನನ್ನು ಕೇಳಲಿಲ್ಲ.

ನಡಿಗೆ ಮುಗಿದುದು ಬಳೆಪೇಟೆಯ ಒಂದು ಹಳೆಯ ಉಡುಪಿ ಹೋಟೆಲಿನಲ್ಲಿ. ಸಾಗು ಹಾಕಿದ ಮಸಾಲೆದೋಸೆ ಬಂತು. ಹುಡುಗ, "ಈ ತಟ್ಟೆಯಲ್ಲಿರುವುದರಲ್ಲಿ ಕೆಂಪೇಗೌಡರು ಏನನ್ನು ತಿಂದಿರಲಾರರು, ಹೇಳಿ ನೋಡೋಣ?" ಎಂದು ಒಗಟು ಹಾಕಿದ. ಆಲೂಗಡ್ಡೆಯನ್ನೂ ಒಣಮೆಣಸಿನಕಾಯಿಯನ್ನೂ ತೋರಿಸಿ, ಇವೆರಡೂ ಅಮೆರಿಕ ಖಂಡದ ಬೆಳೆಗಳು, ಸಮುದ್ರ ದಾಟಿ ಬಂದು ನಮ್ಮ ಹೊಲಕ್ಕೂ ಅಡಿಗೆಮನೆಗೂ ಇಳಿದವು ಎಂದು ವಿವರಿಸಿದ. ಕೆಳದನಿಯಲ್ಲಿ ನಾನೊಂದು ಮಾತು ಸೇರಿಸಿದೆ. ಖಾರಕ್ಕೆ ಮೊದಲು ನಮ್ಮಲ್ಲಿದ್ದುದು ಮೆಣಸು. ಹೊಸ ಖಾರ ಬಂದಾಗ ಜನ ಅದಕ್ಕೆ ಪರದೇಶದ ಹೆಸರನ್ನು ಹುಡುಕಲಿಲ್ಲ, ಮೆಣಸಿನಕಾಯಿ ಎಂದು ಕರೆದು ಮನೆಯೊಳಕ್ಕೆ ಕರೆದುಕೊಂಡರು. ಕಡಲೆಯ ಬಂಧುವೆಂಬಂತೆ ಕಡಲೆಕಾಯಿಯೂ ಹಾಗೆಯೇ ನಮ್ಮದಾಯಿತು. ಹುಡುಗ ಜೇಬಿನಿಂದ ಚೀಟಿಯೊಂದನ್ನು ತೆಗೆದು ಇದನ್ನು ಬರೆದುಕೊಂಡ. ತರಗತಿಯಲ್ಲಿ ಅವನು ಏನನ್ನಾದರೂ ಬರೆದುಕೊಂಡದ್ದು ನನಗೆ ನೆನಪಿಲ್ಲ.

ಉಳಿದವರು ಕೈತೊಳೆಯಲು ಎದ್ದಾಗ ನಾನು, "ಮಾರುಕಟ್ಟೆಯಲ್ಲಿ ಅಷ್ಟು ಜನರ ಮುಂದೆ ನಾನು ಹಾಗೆ ಹೇಳಬಾರದಾಗಿತ್ತಪ್ಪ" ಎಂದೆ.

"ಅಯ್ಯೋ, ಬಿಡಿ ಸಾರ್" ಎಂದ. ಕಾಫಿಯ ಲೋಟವನ್ನು ಎರಡು ಬಾರಿ ಬಟ್ಟಲಿಗೆ ಸುರಿದು ಎತ್ತಿ, ಆಮೇಲೆ ತಲೆಯೆತ್ತದೆ ಹೇಳಿದ: "ನೀವು ನಮಗೆ ಶಾಸನ ಪಾಠ ಮಾಡಿದಿರಿ. ಹಲ್ಮಿಡಿಯ ಮೇಲೆ ಪ್ರಶ್ನೆ ಬಂತು, ಬರೆದು ಪಾಸಾದೆ. ಬೇಗೂರಿನ ಕಲ್ಲು ನಮ್ಮ ಮನೆಯಿಂದ ಒಂದು ಬಸ್ಸಿನ ದಾರಿ. ಅಲ್ಲಿ ನಮ್ಮ ಊರಿನ ಹೆಸರಿದೆ ಎಂದು ನೀವು ಅಂದೇ ಹೇಳಿದ್ದರೆ, ನಾನು ಮುದುಕಿಯ ಕಥೆಯೊಂದನ್ನೇ ನೆಚ್ಚಿಕೊಳ್ಳಬೇಕಾಗಿರಲಿಲ್ಲ."

ಅವನ ದನಿಯಲ್ಲಿ ಆಕ್ಷೇಪಣೆ ಇರಲಿಲ್ಲ. ಇದ್ದಿದ್ದರೆ ಉತ್ತರ ಕೊಡುವುದು ಸುಲಭವಾಗುತ್ತಿತ್ತು. ಪಠ್ಯಕ್ರಮ, ಸಮಯದ ಅಭಾವ, ಪರೀಕ್ಷೆ ಎಂಬ ಮೂರು ಉತ್ತರಗಳು ನನ್ನ ಬಳಿ ಸದಾ ಸಿದ್ಧವಾಗಿರುತ್ತವೆ. ಅವು ಯಾವುವೂ ಆಗ ನಾಲಗೆಗೆ ಬರಲಿಲ್ಲ. ಇನ್ನೂ ಒಂದು ಮಾತನ್ನು ನಾನು ಅವನಿಗೆ ಆ ದಿನ ಹೇಳಲಿಲ್ಲ, ವಾಚಕರಿಗೆ ಈಗ ಒಪ್ಪಿಸುತ್ತೇನೆ. ಮಾರುಕಟ್ಟೆಯಲ್ಲಿ ನಾನು ಅಷ್ಟು ಧೈರ್ಯವಾಗಿ ಸಾಕ್ಷಿಗೆ ಕರೆದ ಆ ಕಲ್ಲನ್ನು ನಾನೂ ಕಣ್ಣಾರೆ ಕಂಡಿರಲಿಲ್ಲ. ಅಚ್ಚಿನಲ್ಲಿ ಓದಿದ್ದೆ, ಅಷ್ಟೆ.

ಮನೆಗೆ ಬಂದಾಗ ನಾವು ತಂದಿದ್ದ ಅವರೆಕಾಯಿಯನ್ನು ಅಮ್ಮ ಮೊರದಲ್ಲಿ ಹಾಕಿಕೊಂಡು ಸುಲಿಯಲು ಕುಳಿತರು. ಮಗಳು ಮೊದಲ ಕಾಯಿಗೇ ವರದಿಯನ್ನು ಒಪ್ಪಿಸಿದಳು: "ಅಜ್ಜಿ, ನಿನ್ನ ಬೆಂದಕಾಳೂರಿನ ಕಥೆ ಸುಳ್ಳಂತೆ. ಅಪ್ಪ ಎಲ್ಲರ ಮುಂದೆ ಹೇಳಿದರು."

"ಇದ್ದೀತು ಮಗು" ಎಂದರು ಅಮ್ಮ. "ಆ ಕಥೆ ಹೇಳದೆ ಹೋದರೆ ನಿಮ್ಮಪ್ಪ ಅವರೆಕಾಳಿನ ಹುಳಿಯ ಒಂದು ತುತ್ತನ್ನೂ ನುಂಗುತ್ತಿರಲಿಲ್ಲ."

ಮೂವತ್ತು ವರ್ಷಗಳ ಹಿಂದಿನ ಆ ತುತ್ತು ನನ್ನ ಗಂಟಲಿನಲ್ಲಿ ಸ್ವಲ್ಪ ಹೊತ್ತು ನಿಂತಿತು. ಕಥೆಯನ್ನು ಕಥೆಯೆಂದು, ಶಾಸನವನ್ನು ಶಾಸನವೆಂದು ಹೇಳಬೇಕೆಂಬ ವಿಷಯದಲ್ಲಿ ನನ್ನ ಅಭಿಪ್ರಾಯ ಈಗಲೂ ಬದಲಾಗಿಲ್ಲ. ಹಣ ಕೊಟ್ಟು ಬಂದವರಿಗೆ ಕಥೆಯನ್ನೇ ಚರಿತ್ರೆಯೆಂದು ಬಡಿಸುವುದು ತಪ್ಪೇ. ಆದರೆ ಅಪರಿಚಿತನೊಬ್ಬನ ಹಸಿವಿಗೆ ಅನ್ನವಿಟ್ಟದ್ದೇ ಈ ಊರಿನ ಹೆಸರಿಗೆ ಕಾರಣವೆಂದು ಜನ ಇಷ್ಟು ಕಾಲ ಹೇಳಿಕೊಂಡು ಬಂದಿದ್ದಾರಲ್ಲ, ಅದೂ ಈ ಊರಿನ ಚರಿತ್ರೆಯ ಒಂದು ಭಾಗವೇ. ಕಲ್ಲನ್ನು ಕೈಯಲ್ಲಿ ಹಿಡಿದು ಮುದುಕಿಯ ಮೇಲೆ ಬೀಸುವ ಅಗತ್ಯವಿರಲಿಲ್ಲ.

ಮರುವಾರ ಹುಡುಗನಿಗೆ ನಾನೇ ಫೋನು ಮಾಡಿದೆ. ಇಬ್ಬರೂ ಬೇಗೂರಿಗೆ ಹೋದೆವು. ನಾಗೇಶ್ವರ ದೇವಾಲಯದ ಆವರಣದಲ್ಲಿ ಆ ವೀರಗಲ್ಲಿನ ಮುಂದೆ ಕುಳಿತು, ಅಕ್ಷರಗಳ ಮೇಲೆ ಬೆರಳಾಡಿಸದೆ ದೂರದಿಂದಲೇ ಅಕ್ಷರ ಅಕ್ಷರವಾಗಿ ಗುರುತಿಸುತ್ತ ಬಂದು, ಊರಿನ ಹೆಸರು ಬರುವಲ್ಲಿ ನಿಂತೆವು. ಸುಮಾರು 1100 ವರ್ಷಗಳ ಹಿಂದೆ ಯಾವನೋ ಕಲ್ಲುಕುಟಿಗ ಕೆತ್ತಿದ ನಮ್ಮ ವಿಳಾಸ. ಅವನಿಗಿಂತ ನಾನೇ ಹೆಚ್ಚು ಹೊತ್ತು ನೋಡುತ್ತಿದ್ದೆನೆಂದು ಕಾಣುತ್ತದೆ. ಅವನು ಗಡಿಯಾರ ನೋಡಿ ಕೆಮ್ಮಿದ.

ಈಗ ಅವನು ಅವರೆಯ ರಾಶಿಯ ಮುಂದೆ ಮೊದಲು ಮುದುಕಿಯ ಕಥೆಯನ್ನು ಹೇಳಿ, ಆಮೇಲೆ ಕಲ್ಲಿನ ಚಿತ್ರವನ್ನು ತೋರಿಸಿ, "ಇದು ಜನ ಹೇಳುವುದು, ಇದು ಕಲ್ಲು ಹೇಳುವುದು" ಎನ್ನುತ್ತಾನಂತೆ. ಯಾವುದಕ್ಕೆ ಜನ ಹೆಚ್ಚು ಕಿವಿಗೊಡುತ್ತಾರೆಂದು ಕೇಳಿದೆ. "ಅದು ಉಪ್ಪಿಟ್ಟಿನ ಮೇಲೆ ಹೋಗುತ್ತದೆ ಸಾರ್" ಎಂದ. ನಾನಾದರೋ ಬರುವ ತಿಂಗಳು ನನ್ನ ವಿದ್ಯಾರ್ಥಿಗಳನ್ನು ಬೇಗೂರಿಗೆ ಕರೆದುಕೊಂಡು ಹೋಗುವುದೆಂದು ತರಗತಿಯಲ್ಲಿ ಪ್ರಕಟಿಸಿದ್ದೇನೆ. ಹಾಜರಿ ಕಡ್ಡಾಯವಲ್ಲ ಎಂದೂ ಹೇಳಿದೆ. ಕೊನೆಯ ಬೆಂಚಿನಿಂದ ಒಂದೇ ಒಂದು ಪ್ರಶ್ನೆ ಬಂತು:

"ಅಲ್ಲಿ ತಿಂಡಿ ಏನು ಸಿಗುತ್ತದೆ ಸಾರ್?"