ಮೇಲ್ಮನೆಗೆ ಬೀಗ ಹಾಕಬೇಕೇ?

ಬಸ್ ಸ್ಟ್ಯಾಂಡ್ ಎದುರಿನ ಕಿರಾಣಿ ಸಾಹುಕಾರರು ಓದಿದ್ದು ಎಸ್ಸೆಸ್ಸೆಲ್ಸಿ. ವಿಧಾನ ಪರಿಷತ್ ಚುನಾವಣೆಯಲ್ಲಿ ಅವರಿಗೆ ಓಟಿಲ್ಲ. ಅವರಲ್ಲೇ ಲೆಕ್ಕ ಬರೆಯುವ ಬಿ.ಕಾಂ. ಹುಡುಗನಿಗೆ ಉಂಟು, ಡಿಗ್ರಿಯಾಗಿ ಮೂರು ವರ್ಷ ಕಳೆದು ಪಟ್ಟಿಯಲ್ಲಿ ಹೆಸರು ಸೇರಿಸಿದ್ದರೆ. ಹೈಸ್ಕೂಲು ಮೇಷ್ಟ್ರಿಗೆ ಶಿಕ್ಷಕರ ಓಟೂ ಉಂಟು, ಪದವೀಧರರ ಓಟೂ ಉಂಟು. ಅ ಆ ಇ ಈ ಕಲಿಸುವ ಪ್ರೈಮರಿ ಮೇಷ್ಟ್ರಿಗೆ ಮಾತ್ರ ಶಿಕ್ಷಕರ ಓಟಿಲ್ಲ. ಇದ್ಯಾವ ನ್ಯಾಯವೋ!

ಒಟ್ಟು 75 ಸ್ಥಾನ. ಎಮ್ಮೆಲ್ಲೆಗಳು ಆರಿಸುವವರು 25, ಪಂಚಾಯ್ತಿ-ಪುರಸಭೆ ಮೆಂಬರುಗಳು ಆರಿಸುವವರು 25, ಪದವೀಧರರಿಗೆ 7, ಶಿಕ್ಷಕರಿಗೆ 7. ಉಳಿದ 11 ರಾಜ್ಯಪಾಲರ ನಾಮಕರಣ. ಸಾಹಿತ್ಯ, ಕಲೆ, ವಿಜ್ಞಾನ, ಸಹಕಾರ, ಸಮಾಜಸೇವೆ ಬಲ್ಲವರಿಗೆ ಅಂತ ಕಾನೂನು. ಟಿಕೆಟ್ ತಪ್ಪಿದವರೆಲ್ಲ ದಿಢೀರನೆ ಸಮಾಜಸೇವಕರಾಗುವುದು ಇಲ್ಲಿಯೇ.

ಹಾಗಾದರೆ ಮುಚ್ಚಿಬಿಡಿ ಅನ್ನುವವರಿದ್ದಾರೆ. ತಮಿಳುನಾಡು 1986ರಲ್ಲಿ ಮುಚ್ಚಿತು. ಆಂಧ್ರ 1985ರಲ್ಲಿ ಮುಚ್ಚಿ 2007ರಲ್ಲಿ ಮತ್ತೆ ತೆರೆಯಿತು. ನಮ್ಮದು ನಾಲ್ವಡಿಯವರ ಕಾಲದಲ್ಲಿ, 1907ರಲ್ಲಿ, ನ್ಯಾಯವಿಧಾಯಕ ಸಭೆಯಾಗಿ ಹುಟ್ಟಿದ್ದು. 2020ರ ಡಿಸೆಂಬರ್ 15ರಂದು ಉಪಸಭಾಪತಿಯನ್ನೇ ಪೀಠದಿಂದ ಎಳೆದಾಡಿದ ದೃಶ್ಯ ಕಂಡವರಿಗೆ 'ಹಿರಿಯರ ಮನೆ' ಅನ್ನಲು ಬಾಯಿ ಬರಲಿಕ್ಕಿಲ್ಲ.

ಆದರೂ 2024ರ ಫೆಬ್ರುವರಿ ನೆನಪಿಡಬೇಕು. ವರ್ಷಕ್ಕೆ ಕೋಟಿ ಮೀರಿ ಆದಾಯವಿರುವ ದೇವಸ್ಥಾನಗಳಿಂದ ಶೇ. 10 ಪಡೆಯುವ ಮಸೂದೆ ಕೆಳಮನೆಯಲ್ಲಿ 21ರಂದು ಪಾಸಾಯಿತು. 23ರಂದು ಮೇಲ್ಮನೆಯಲ್ಲಿ ಬಿತ್ತು, ಯಾಕೆಂದರೆ ಅಲ್ಲಿ ವಿರೋಧ ಪಕ್ಷದವರ ತಲೆ ಹೆಚ್ಚಿತ್ತು. 29ರಂದು ಕೆಳಮನೆ ಮತ್ತೆ ಪಾಸು ಮಾಡಿತು. ಮೇಲ್ಮನೆಯ ಬಲವೇ ಅಷ್ಟು: ಮೊದಲ ಸಲ ಮೂರು ತಿಂಗಳು ತಡೆಯಬಹುದು, ಎರಡನೇ ಸಲ ಒಂದು ತಿಂಗಳು. ಹಣಕಾಸು ಮಸೂದೆಯಾದರೆ ಬರೀ 14 ದಿನ.

ತಡೆದದ್ದು ಪಕ್ಷದ ಲೆಕ್ಕಕ್ಕೇ ಇರಬಹುದು, ಬಿಡಿ. ಎರಡೇ ದಿನದಲ್ಲಿ ಸದ್ದಿಲ್ಲದೆ ಮುಗಿದುಹೋಗಬೇಕಿದ್ದ ಮಸೂದೆ ಟೀ ಅಂಗಡಿಯಲ್ಲೂ ಚರ್ಚೆಯಾಯಿತು. ಯಾವ ದೇವಸ್ಥಾನಕ್ಕೆ ಎಷ್ಟು, ಹಣ ಹೋಗುವುದೆಲ್ಲಿಗೆ ಅಂತ ಜನ ಕೇಳಿದರು. ಸರ್ಕಾರ ಉತ್ತರ ಹೇಳಬೇಕಾಯಿತು. ಆ ಒಂದು ವಾರಕ್ಕಾದರೂ ಮನೆ ಇರಲಿ.

ಬದಲಾಗಬೇಕಾದದ್ದು ಓಟರ ಪಟ್ಟಿ. ಅದಕ್ಕೆ ಸಂವಿಧಾನ ತಿದ್ದುಪಡಿಯೂ ಬೇಕಿಲ್ಲ. ಪರಿಷತ್ತಿನ ರಚನೆ ಬದಲಿಸುವ ಅಧಿಕಾರವನ್ನು 171ನೇ ವಿಧಿ ಸಂಸತ್ತಿಗೇ ಕೊಟ್ಟಿದೆ. ದೆಹಲಿಗೆ ಹೋದ ನಮ್ಮ ಎಂಪಿಗಳು ಮುಂದಿನ ಸಲ ಊರಿಗೆ ಬಂದಾಗ, ಪ್ರೈಮರಿ ಮೇಷ್ಟ್ರು ಮತ್ತು ಕಿರಾಣಿ ಸಾಹುಕಾರರು ಇಬ್ಬರೂ ಒಟ್ಟಿಗೆ ಹೋಗಿ ಕೇಳಲಿ.