ಇದಿರಿಲ್ಲದ ಅರ್ಥಗಾರಿಕೆ

ಕಳೆದ ಸಂಚಿಕೆಯಲ್ಲಿ ಕನ್ನಡದ ರ್ಯಾಪ್ ಗಾಯಕರನ್ನು ಕುರಿತು ನಾವು ಪ್ರಕಟಿಸಿದ ಪುಟ್ಟ ಟಿಪ್ಪಣಿಯೊಂದು ಘಟ್ಟದ ಮೇಲಣ ಸಾಹಿತ್ಯ ಮಾಸಿಕವೊಂದರ ಸಂಪಾದಕ ಮಹಾಶಯರ ಶಾಂತಿಯನ್ನು ಕದಡಿತೆಂದು ತಿಳಿದು ನಮಗೆ ಖೇದಕ್ಕಿಂತ ಸಂತೋಷವೇ ಅಧಿಕವಾಯಿತು. ರಾಷ್ಟ್ರಕವಿ ಗೋವಿಂದ ಪೈಗಳು ಬಾಳಿದ ಮಂಜೇಶ್ವರದ ಮಗ್ಗುಲಲ್ಲಿ, ಈ ಹೊಸಂಗಡಿಯಲ್ಲಿ ಕುಳಿತು ಪತ್ರಿಕೆ ನಡೆಸುವವರು ಬೀದಿಯ ಪ್ರಾಸಗಾರರಿಗೆ ಪುಟ ಬಿಟ್ಟುಕೊಡುವುದು ಆ ಹಿರಿಯರ ಸ್ಮೃತಿಗೆ ಎಸಗಿದ ಅಪಚಾರವೆಂಬುದು ಅವರ ಆಕ್ಷೇಪದ ತಿರುಳು. ಪೈಗಳ ಹೆಸರನ್ನು ಎತ್ತುವ ಮೊದಲು ಅವರ ಚರಿತ್ರೆಯ ಒಂದೆರಡು ಹಾಳೆಗಳನ್ನಾದರೂ ತಿರುವಿದ್ದರೆ ಒಳ್ಳೆಯದಿತ್ತು. 1911ರಲ್ಲಿ ದ್ವಿತೀಯಾಕ್ಷರ ಪ್ರಾಸವನ್ನು ತೊರೆದು ಪಂಡಿತವರ್ಗದ ಹುಬ್ಬುಗಂಟಿಗೆ ಗುರಿಯಾದವರು ಅವರೇ ಅಲ್ಲವೆ? ಪ್ರಾಸವನ್ನು ಬಿಡುವುದಕ್ಕೆ ಯಾರ ಅಪ್ಪಣೆಯನ್ನೂ ಬೇಡದಿದ್ದ ಕವಿಯ ಹೆಸರಿನಲ್ಲಿ, ಪ್ರಾಸವನ್ನು ಮರಳಿ ಹಿಡಿಯಹೊರಟ ಹುಡುಗರು ಮಾಸಿಕದ ಸಂಪಾದಕರಿಂದ ರಹದಾರಿ ಪಡೆಯಬೇಕೆಂಬುದು ಯಾವ ನ್ಯಾಯವೋ ತಿಳಿಯದು.

ನಮ್ಮ ಟಿಪ್ಪಣಿಯ ವಿಷಯವಾದರೋ ಬೇರೆಯೇ ಇತ್ತು. ಗುಂಪಿನಲ್ಲಿ ಹಾಡತೊಡಗಿದವನು ಗುಂಪನ್ನು ಬಿಟ್ಟು ಒಬ್ಬಂಟಿಯಾಗಿ ನಿಂತಾಗ ಅವನ ಮಾತಿಗೆ ಏನಾಗುತ್ತದೆ ಎಂಬುದು ನಾವು ಎತ್ತಿದ ಪ್ರಶ್ನೆ. ಅರ್ಬನ್ ಲ್ಯಾಡ್ಸ್ ತಂಡದಲ್ಲಿದ್ದ ರಾಕೇಶ್ ಅಡಿಗರು 2009ರ ‘ಜೋಶ್’ ಚಿತ್ರದೊಂದಿಗೆ ಬೆಳ್ಳಿತೆರೆಯ ಕಡೆಗೆ ಹೊರಳಿದುದನ್ನೂ, ಅದೇ ತಂಡದ ಅಲೋಕ್ ‘ಆಲ್ ಓಕೆ’ ಎಂಬ ಹೆಸರಿನಿಂದ ತಮ್ಮದೇ ದಾರಿ ತುಳಿದುದನ್ನೂ ಓದುಗರು ಬಲ್ಲರು. ಬೆಂಗಳೂರಿನ ಮಚ್ಚಾಸ್ ವಿತ್ ಆಟಿಟ್ಯೂಡ್ ತಂಡವನ್ನು ಸ್ಮೋಕಿ ದಿ ಘೋಸ್ಟ್ ಮತ್ತು ಬಿಗ್ ನಿಕ್ ಇವರೊಡನೆ ಕಟ್ಟಿದ ವಿಘ್ನೇಶ್ ಶಿವಾನಂದ್ ಅವರು, ಎಂದರೆ ಬ್ರೋಧಾ ವಿ, 2012ರಲ್ಲಿ ‘ಆತ್ಮ ರಾಮ’ವನ್ನೂ 2014ರಲ್ಲಿ ‘ಐಗಿರಿ ನಂದಿನಿ’ಯನ್ನೂ ತಮ್ಮೊಬ್ಬರ ಹೆಸರಿನಲ್ಲಿ ಹೊರತಂದುದು ಕೂಡ ಹಳೆಯ ಸಂಗತಿಯೇ. ಇಂತಹ ಅಗಲಿಕೆಗಳು ನಡೆದಾಗಲೆಲ್ಲ ಅಭಿಮಾನಿಗಳು ದ್ರೋಹ, ದುರಾಸೆ ಎಂಬ ಎರಡೇ ಪದಗಳಲ್ಲಿ ವಿಚಾರಣೆಯನ್ನು ಮುಗಿಸಿಬಿಡುವರು. ಯಕ್ಷಗಾನದ ನಾಡಿನವರಾದ ನಮಗೆ ಅಷ್ಟಕ್ಕೇ ತೃಪ್ತಿಪಡಲು ಸಾಧ್ಯವಿಲ್ಲ.

ಶೇಣಿ ಗೋಪಾಲಕೃಷ್ಣ ಭಟ್ಟರನ್ನು ಸ್ಮರಿಸಿಕೊಳ್ಳಿರಿ. ಮೇಳದ ರಂಗಸ್ಥಳದಲ್ಲಿ ಅವರಿಗೆ ಚೆಂಡೆಯಿತ್ತು, ವೇಷವಿತ್ತು, ಭಾಗವತರ ಪದ್ಯದ ಆಸರೆಯಿತ್ತು. ತಾಳಮದ್ದಳೆಯ ಕೂಟದಲ್ಲಿ ವೇಷ ಕಳಚಿದರೂ ಇದಿರು ಅರ್ಥಧಾರಿ ಇದ್ದೇ ಇದ್ದನು, ಮತ್ತು ಅವರ ವಾಲಿಯ ವಾದಕ್ಕೆ ಧಾರೆ ಬರುತ್ತಿದ್ದುದು ಇದಿರು ಕುಳಿತ ರಾಮನ ಸಾಮರ್ಥ್ಯದಿಂದ. ಅದೇ ಶೇಣಿಯವರು ಹರಿಕಥೆಗೆ ನಿಂತಾಗ ವಾದಿಯೂ ಪ್ರತಿವಾದಿಯೂ ತಾವೇ ಆಗಬೇಕಾಯಿತು. ಒಂದೇ ಗಂಟಲಿನಿಂದ ಆಕ್ಷೇಪವನ್ನು ಎತ್ತಿ, ಅದೇ ಗಂಟಲಿನಿಂದ ಸಮಾಧಾನವನ್ನು ಹೇಳಬೇಕಾಯಿತು. ಗುಂಪಿನಿಂದ ಹೊರಬಂದವನ ಪರೀಕ್ಷೆ ಇದೇ ಎಂದು ನಮ್ಮ ಮತ. ರ್ಯಾಪಿನ ತಂಡದಲ್ಲಿ ಒಬ್ಬನ ಚರಣಕ್ಕೆ ಇನ್ನೊಬ್ಬನು ಉತ್ತರವಾಗಿ ಬರುವನು, ಗೆಳೆಯನ ಪ್ರಾಸವನ್ನು ಮೀರಿಸಬೇಕೆಂಬ ಹಟವೇ ಚರಣಗಳನ್ನು ಬೆಳೆಸುವುದು. ಆ ಗೆಳೆಯರು ಹೊರಟುಹೋದ ಮೇಲೆ, ತನ್ನನ್ನು ತಾನೇ ಖಂಡಿಸಿಕೊಳ್ಳುವ ಇದಿರಾಳಿಯೊಬ್ಬನನ್ನು ಒಳಗೆ ಸಾಕಿಕೊಳ್ಳದ ಹಾಡುಗಾರನಿಗೆ ಆತ್ಮಪ್ರಶಂಸೆಯ ಹೊರತು ಬೇರೆ ಪ್ರಸಂಗವೇ ಉಳಿಯುವುದಿಲ್ಲ.

ಈ ಒರೆಗಲ್ಲಿನ ಮೇಲೆ ಬ್ರೋಧಾ ವಿ ಅವರ ಆರಂಭದ ಒಂಟಿ ಹಾಡುಗಳು ಗೆದ್ದವೆಂದೇ ನಾವು ಹೇಳುವೆವು. ತೊರೆದುಬಂದ ಗೆಳೆಯರ ಸ್ಥಾನದಲ್ಲಿ ಅವರು ಅಜ್ಜಿಯ ಬಾಯಿಯ ಸ್ತೋತ್ರವನ್ನು ಕೂಡಿಸಿದರು. ಚರಣದಲ್ಲಿ ಯುವಕನೊಬ್ಬನ ಅಹಂಕಾರವೂ ಅಳುಕೂ ಓಡುತ್ತಿರಲು, ಪಲ್ಲವಿಯಲ್ಲಿ ಮಹಿಷಾಸುರಮರ್ದಿನಿಯ ಸ್ತುತಿ ಅದಕ್ಕೆ ಇದಿರಾಗಿ ನಿಂತು ಅವನನ್ನು ತನ್ನ ಅಳತೆಗೆ ಇಳಿಸುವುದು. ದೇವರನ್ನು ಬೀದಿಗೆ ತಂದನೆಂದು ಹಲುಬಿದವರಿಗೆ ಈ ರಚನಾಕೌಶಲ ಕಾಣಲಿಲ್ಲ. ನಮ್ಮ ದೂರು ಬೇರೆ: ಚರಣ ಇಂಗ್ಲಿಷು, ಪಲ್ಲವಿ ಸಂಸ್ಕೃತ, ನಡುವೆ ಬೆಂಗಳೂರಿನ ಕನ್ನಡವೆಲ್ಲಿ? ಆಲ್ ಓಕೆಯವರಲ್ಲಿ ಆ ಕೊರತೆಯಿಲ್ಲ. ಅವರ ಕನ್ನಡ ನಾಲಗೆಯ ಮೇಲೆ ಸರಾಗವಾಗಿ ಹರಿಯುವಂಥದು. ಆದರೆ ‘ಡೋಂಟ್ ವರಿ’ಯಂತಹ ಹಾಡಿನಲ್ಲಿ ಅವರು ಕೇಳುಗನ ಬೆನ್ನು ತಟ್ಟುವ ಸಂತೈಕೆಗಾರರಾಗಿ ನಿಂತುಬಿಡುವರು, ಸಂತೈಕೆಯನ್ನು ಪ್ರಶ್ನಿಸುವ ದನಿ ಹಾಡಿನೊಳಗೆ ಏಳುವುದೇ ಇಲ್ಲ. ಇದು ಕಟುವೆನಿಸಬಹುದು. ಆಗಲಿ, ಇಷ್ಟನ್ನಾದರೂ ಅವರಿಗೆ ಯಾರಾದರೂ ಹೇಳಿದ್ದುಂಟೆ?

ಹೇಳಿದವರಿಲ್ಲ, ನಮ್ಮ ಜಗಳ ಇರುವುದು ಇಲ್ಲಿಯೇ. ಹಾಡುಗಾರನ ಒಳಗೆ ಇದಿರಾಳಿ ಇಲ್ಲದಿದ್ದಾಗ ಹೊರಗೆ ಇದಿರು ಕೂರಬೇಕಾದವನು ವಿಮರ್ಶಕ. ಆ ಆಸನವನ್ನು ನಮ್ಮ ವಿಮರ್ಶಕರು ಬರಿದಾಗಿ ಬಿಟ್ಟು, ಬಳಿಕ ಕೂಟ ಕಳೆಗಟ್ಟಲಿಲ್ಲವೆಂದು ದೂರುತ್ತಿರುವರು. 2020ರಲ್ಲಿ ಚಂದನ್ ಶೆಟ್ಟಿಯವರ ‘ಕೋಲುಮಂಡೆ’ ಹೊರಬಿದ್ದು, ಸಂಕಮ್ಮನನ್ನು ಚಿತ್ರಿಸಿದ ಬಗೆಗೆ ಮಾದಪ್ಪನ ಭಕ್ತರು ಕೆರಳಿ, ಅವರು ಕ್ಷಮೆ ಕೇಳಿದಾಗ ನಮ್ಮ ಪ್ರಾಜ್ಞರಿಗೆ ಕನ್ನಡದಲ್ಲಿ ರ್ಯಾಪ್ ಎಂಬುದೊಂದು ಇದೆಯೆಂದು ಎಚ್ಚರವಾಯಿತು. ಅಲ್ಲಿಯೂ ಮಂಟೇಸ್ವಾಮಿ, ಮಾದೇಶ್ವರ ಪರಂಪರೆಗಳ ಕಥನಶೈಲಿಗೂ ಈ ಹೊಸ ಲಯಕ್ಕೂ ಹೊಂದಿಕೆಯಾಗುವುದೇ ಎಂಬ ಪ್ರಶ್ನೆಯನ್ನು ಎತ್ತುವುದನ್ನು ಬಿಟ್ಟು, ಮರ್ಯಾದೆಯ ಪಾಠ ಹೇಳಿ ಮನೆಗೆ ನಡೆದರು. ಠಾಣೆಯ ಕೆಲಸವನ್ನು ವಿಮರ್ಶೆಯೆಂದು ಕರೆಯಲು ನಮಗೆ ಮನಸ್ಸಿಲ್ಲ.

ನೆರೆಯ ಭಾಷೆಯ ಸ್ಥಿತಿಯನ್ನು ನೋಡಿರಿ. ಗಡಿಯಲ್ಲಿರುವ ನಮಗೆ ನೋಡದೆ ವಿಧಿಯಿಲ್ಲ. ಕಲ್ಲಿಕೋಟೆ ವಿಶ್ವವಿದ್ಯಾಲಯ 2025ರಲ್ಲಿ ವೇಡನ್ ಎಂಬ ರ್ಯಾಪರರ ಹಾಡನ್ನು ಬಿ.ಎ. ಮಲಯಾಳದ ಪಠ್ಯಕ್ಕೆ ಸೇರಿಸಿದಾಗ ಕೋಲಾಹಲವೇ ಎದ್ದಿತು. ಬೇಕೆಂದವರೂ ಬೇಡವೆಂದವರೂ ಅದು ಕಾವ್ಯವೇ ಅಲ್ಲವೇ ಎಂದು ಬಹಿರಂಗವಾಗಿ ಕಾದಾಡಿದರು. ಅದೇ ವರ್ಷ ರಾಜ್ಯ ಚಲನಚಿತ್ರ ಪ್ರಶಸ್ತಿಯಲ್ಲಿ ಶ್ರೇಷ್ಠ ಗೀತರಚನಕಾರನ ಗೌರವ ಅವರಿಗೆ ಸಂದಿತು. ನಮ್ಮ ಹುಡುಗರು ತಲಪಾಡಿ ದಾಟಿ ಮಂಗಳೂರಿನ ಕಾಲೇಜುಗಳಿಗೆ ಹೋಗುವ ಬಸ್ಸಿನಲ್ಲಿ ಮಲಯಾಳದ ರ್ಯಾಪನ್ನು ಕಂಠಪಾಠ ಒಪ್ಪಿಸುತ್ತಿದ್ದರೆ ಅದಕ್ಕೆ ಕಾರಣವನ್ನು ತಿರುವನಂತಪುರದ ಭಾಷಾನೀತಿಯಲ್ಲಿ ಮಾತ್ರ ಹುಡುಕುವುದು ಸೋಮಾರಿತನ. ಆ ನೀತಿಯ ವಿಷಯದಲ್ಲಿ ನಮ್ಮ ಪತ್ರಿಕೆ ಏನು ಬರೆದಿದೆಯೆಂದು ಬಲ್ಲವರು ಈ ಮಾತಿಗಾಗಿ ನಮ್ಮನ್ನು ತಪ್ಪು ತಿಳಿಯಲಾರರು.

ನವೆಂಬರ್ 1ರ ಮಾತನ್ನೂ ಇಲ್ಲಿಯೇ ಆಡಿಬಿಡುವೆವು. ಆ ದಿನ ಬಂದಿತೆಂದರೆ ಬೆಂಗಳೂರಿನಿಂದ ಹಳದಿ ಕೆಂಪು ಬಾವುಟಗಳ ರಾಜ್ಯೋತ್ಸವದ ರ್ಯಾಪುಗಳು ಹೊರಡುವುವು. 1956ರ ಅದೇ ದಿನ ಕಾಸರಗೋಡು ಕೇರಳದ ಪಾಲಾಯಿತೆಂಬುದನ್ನಾಗಲಿ, ಚಂದ್ರಗಿರಿಯ ಉತ್ತರದ ನೆಲ ಮೈಸೂರಿಗೆ ಸೇರತಕ್ಕುದೆಂದು 1967ರಲ್ಲಿ ಮಹಾಜನ ವರದಿ ನುಡಿದು ಅದು ಕಡತದಲ್ಲೇ ಉಳಿಯಿತೆಂಬುದನ್ನಾಗಲಿ ನಾವು ಕೇಳಿದ ಯಾವ ರಾಜ್ಯೋತ್ಸವದ ಹಾಡೂ ಉಸುರಲಿಲ್ಲ. ಇದಕ್ಕೂ ಪ್ರಕೃತ ವಿಷಯಕ್ಕೂ ಏನು ಸಂಬಂಧವೆಂದು ಕೇಳುವವರಿಗೆ ಉತ್ತರವಿದೆ. ಗುಂಪು ಗುಂಪಿನ ಹಬ್ಬವನ್ನೇ ಹಾಡುವುದು ಸಹಜ. ಆ ಹಬ್ಬದ ನಡುವೆ ನಿಂತು ಸ್ವಜನರನ್ನೇ ಪ್ರಶ್ನಿಸಬಲ್ಲವನು ಗುಂಪಿನ ಋಣ ಹರಿದುಕೊಂಡು ಬಂದ ಒಬ್ಬಂಟಿ. ಆ ಸ್ವಾತಂತ್ರ್ಯವನ್ನು ದುಡಿದು ಗಳಿಸಿದವರು ಅದನ್ನು ಪೆಗ್ಗಿನ ಲೆಕ್ಕಕ್ಕೂ ಕಾರಿನ ಬಣ್ಣನೆಗೂ ವ್ಯಯಿಸುತ್ತಿರಲು ನಾವು ಬೆರಗಾಗಿ ಚಪ್ಪಾಳೆ ತಟ್ಟಬೇಕೆ?

ಮುಂದಿನ ಸಂಚಿಕೆಯ ವಿಶೇಷ ವಿಷಯ ‘ಮೇಳದಿಂದ ಒಂಟಿ ದನಿಗೆ’. ಘಟ್ಟದ ಮೇಲಣ ಸಂಪಾದಕರಿಗೂ ಆಹ್ವಾನವಿದೆ; ಅವರು ಯಾವುದಾದರೂ ಒಂದು ಹಾಡನ್ನು ಮೊದಲಿನಿಂದ ಕೊನೆಯವರೆಗೆ ಕೇಳಿ, ಅದರ ಹೆಸರನ್ನು ಹೇಳಿ, ಅದು ಕೆಟ್ಟುದೇಕೆಂದು ಸಕಾರಣವಾಗಿ ಬರೆದು ಕಳಿಸಿದರೆ ಒಂದಕ್ಷರ ಕತ್ತರಿಸದೆ ಅಚ್ಚು ಹಾಕುವೆವು.